ಸಭೆಯಲ್ಲಿ ಆಡಿದ ಮಾತು

ವೆಂಬ್ಲಿಯ ಆ ಬೀದಿಯಲ್ಲಿ ಹಿಂದಿನ ದಿನ ಬಿದ್ದ ಹಿಮ ಇನ್ನೂ ಗಟ್ಟಿಯಾಗಿ ಕೂತಿತ್ತು. ಎಪ್ಪತ್ತು ದಾಟಿದ ರತ್ನವ್ವನವರು ಕೋಟನ್ನೂ ಹಾಕಿಕೊಳ್ಳದೆ, ಮಗನ ದೊಡ್ಡ ಚಪ್ಪಲಿಗಳಲ್ಲಿ ಕಾಲು ತೂರಿಸಿ, ಹಿತ್ತಿಲ ಬೇಲಿಯತ್ತ ಓಡಿದರು. ಬಾಗಿಲಲ್ಲಿ ನಿಂತ ಮೊಮ್ಮಗಳು ಸಾನ್ವಿ, "ಅಜ್ಜೀ, ಯು ವಿಲ್ ಫಾಲ್!" ಎಂದು ಕೂಗಿದ್ದು ಅವರ ಕಿವಿಗೆ ಬೀಳಲೇ ಇಲ್ಲ.

"ನಸ್ಮಿಯಾ! ಹೊರಗೆ ಬಾ! ಗೆದ್ದೆವು!"

ಬೇಲಿಯ ಆಚೆಯ ಮನೆಯ ಬಾಗಿಲು ತೆರೆಯಿತು. ಈಲಿಂಗ್ ರೋಡಿನ ಔಷಧದ ಅಂಗಡಿಯಲ್ಲಿ ಫಾರ್ಮಸಿಸ್ಟ್ ಆಗಿದ್ದ ನಸ್ಮಿಯಾ ಶ್ರೀಲಂಕಾದವಳು, ಕ್ಯಾಂಡಿಯ ಬಳಿಯ ಅಕುರಣ ಎಂಬ ಊರಿನ ಮುಸ್ಲಿಂ ಮನೆಯ ಮಗಳು. ನಿದ್ದೆಗೆಟ್ಟ ಅವಳ ಕಣ್ಣುಗಳು ಕೆಂಡದಂತಿದ್ದವು. ಅವಳ ಕೈಯಲ್ಲೂ ಫೋನಿತ್ತು. ಅವಳೂ ಅದೇ ಸುದ್ದಿಯನ್ನು ಓದುತ್ತಿದ್ದಳು: ಶ್ರೀಲಂಕಾದ ಪ್ರಧಾನಿ ಆ ದಿನ ಪಾರ್ಲಿಮೆಂಟಿನಲ್ಲಿ, ಕೋವಿಡ್‌ನಿಂದ ಸತ್ತವರನ್ನು ಹೂಳಲು ಅವಕಾಶ ಕೊಡಲಾಗುವುದು ಎಂದಿದ್ದರು.

ಆ ಒಂದು ವಾಕ್ಯಕ್ಕಾಗಿ ಅವರಿಬ್ಬರೂ ಹತ್ತು ತಿಂಗಳು ಕಾದಿದ್ದರು. ಬೌದ್ಧರೇ ಬಹುಸಂಖ್ಯೆಯಲ್ಲಿರುವ ಆ ದೇಶದಲ್ಲಿ, ಕೋವಿಡ್‌ನಿಂದ ಸತ್ತವರು ಯಾವ ಮತದವರೇ ಆಗಿರಲಿ, ಅವರನ್ನು ಸುಡತಕ್ಕದ್ದು ಎಂಬ ಆಜ್ಞೆ ಹೊರಟಿತ್ತು. ಹೂತರೆ ನೆಲದೊಳಗಿನ ನೀರು ಕೆಡುತ್ತದೆಂಬುದು ಕಾರಣ. ವಿಶ್ವ ಆರೋಗ್ಯ ಸಂಸ್ಥೆ ಹೂಳಬಹುದೆಂದಿತ್ತು. ಜಗತ್ತೆಲ್ಲ ಹೂಳುತ್ತಲೂ ಇತ್ತು. ಆದರೂ ಹೆಣವನ್ನು ಸುಡುವುದನ್ನು ಮಹಾಪಾಪವೆಂದು ನಂಬಿದ ಜನರ ತಾಯಂದಿರನ್ನು, ಕೂಸುಗಳನ್ನು ಅವರ ಕಣ್ಣೆದುರಿಗೇ ಬೆಂಕಿಗೆ ಕೊಡಲಾಗುತ್ತಿತ್ತು. ಇದಕ್ಕೆ ನಾಗರಿಕ ಭಾಷೆಯಲ್ಲಿ ನಿಯಮವೆಂದು ಹೆಸರು!

ನಸ್ಮಿಯಾಳ ತಾಯಿ ರಮೀಜಾ ಟೀಚರ್‌ಗೆ ಐದಾರು ದಿನಗಳಿಂದ ಜ್ವರ, ಏದುಸಿರು. ಆಸ್ಪತ್ರೆಗೆ ಬರಲೊಲ್ಲೆನೆಂದು ಅಕುರಣದ ಮನೆಯ ಮಂಚವನ್ನು ಹಿಡಿದು ಮಲಗಿದ್ದರು. ಮನೆಯಲ್ಲಿ ಸತ್ತರೆ ಪರೀಕ್ಷೆಯಿಲ್ಲ, ಕೋವಿಡ್ ಪಟ್ಟಿಗೆ ಹೆಸರು ಹತ್ತುವುದಿಲ್ಲ. ಊರವರು ಸದ್ದಿಲ್ಲದೆ ಗಂಡನ ಮಗ್ಗುಲಲ್ಲಿ ಮಣ್ಣು ಮಾಡುತ್ತಾರೆ. ಆಸ್ಪತ್ರೆಯ ಬಾಗಿಲು ದಾಟಿದರೆ ಮಾತ್ರ ಬೆಂಕಿ ಖಂಡಿತ. ಹೀಗಿತ್ತು ಅವರ ಲೆಕ್ಕ.

"ಫೋನ್ ಹಚ್ಚು. ನಾನು ಮಾತಾಡುತ್ತೇನೆ" ಎಂದರು ರತ್ನವ್ವ.

ನಸ್ಮಿಯಾ ಬೇಲಿಯ ಮೇಲಿಂದ ಫೋನ್ ಚಾಚಿದಳು. ರತ್ನವ್ವನವರಿಗೂ ರಮೀಜಾ ಟೀಚರ್‌ಗೂ ಗೆಳೆತನ ಬೆಳೆದದ್ದು ಇದೇ ಬೇಲಿಯ ಮೇಲೆ. ಎರಡು ವರ್ಷದ ಹಿಂದೆ ರಮೀಜಾ ಮಗಳ ಮನೆಗೆ ಬಂದು ಮೂರು ತಿಂಗಳಿದ್ದರು. ಒಬ್ಬರು ಧಾರವಾಡದ ಹೆಣ್ಣುಮಕ್ಕಳ ಹೈಸ್ಕೂಲಿನಲ್ಲಿ ಪೌರನೀತಿ ಕಲಿಸಿದವರು, ಇನ್ನೊಬ್ಬರು ಕ್ಯಾಂಡಿಯಲ್ಲಿ ಗಣಿತ ಕಲಿಸಿದವರು. ಹರಕು ಮುರುಕಿಲ್ಲದ ಶಾಲೆಯ ಇಂಗ್ಲಿಷಿನಲ್ಲಿ ದಿನವಿಡೀ ವಾದ ಮಾಡುತ್ತಿದ್ದರು. ಒಬ್ಬರನ್ನೊಬ್ಬರು ಟೀಚರ್ ಎಂದೇ ಕರೆಯುತ್ತಿದ್ದರು. ಕ್ಯಾಂಡಿಯ ಕಡೆ ಮುಸ್ಲಿಮರ ಮೇಲೆ ನಡೆದ ದಿಗನದ ಗಲಭೆಯಲ್ಲಿ ತಮ್ಮ ಗಂಡನ ಬಟ್ಟೆಯಂಗಡಿ ಉರಿದದ್ದನ್ನು ರಮೀಜಾ ಹೇಳಿದ್ದು ಆಗಲೇ. ಅಂಗಡಿ ಸುಟ್ಟವರೂ ಬೌದ್ಧರು, ಆ ರಾತ್ರಿ ಗಂಡಹೆಂಡತಿಯನ್ನು ತನ್ನ ಅಡಿಗೆಮನೆಯಲ್ಲಿ ಬಚ್ಚಿಟ್ಟು ಬಾಗಿಲಿಗೆ ಅಡ್ಡ ಮಲಗಿದ ಮುದುಕಿಯೂ ಬೌದ್ಧಳು. "ಎರಡನ್ನೂ ಬರೆದುಕೊಳ್ಳಿ, ಟೀಚರ್. ಒಂದನ್ನೇ ಬರೆದರೆ ಲೆಕ್ಕ ತಪ್ಪು" ಎಂದಿದ್ದರು.

ಈಗ ಫೋನಿನಲ್ಲಿ ಮಾತಿಗಿಂತ ಉಸಿರೇ ಹೆಚ್ಚು ಕೇಳಿಸುತ್ತಿತ್ತು.

"ಟೀಚರ್, ಹೊರಡಿ. ಹೂಳಲು ಅವಕಾಶ ಸಿಕ್ಕಿದೆ. ನಿಮ್ಮ ಪ್ರಧಾನಿ ಪಾರ್ಲಿಮೆಂಟಿನಲ್ಲಿ ಹೇಳಿದ್ದಾರೆ."

"ಹೇಳಿದ್ದಾರೆಯೋ, ಮಾಡಿದ್ದಾರೆಯೋ?"

"ಏನು ಮಾತಾಡುತ್ತೀರಿ! ಬೀದಿಯಲ್ಲಿ ಹೇಳಿದ್ದಲ್ಲ, ಸಭೆಯಲ್ಲಿ ಹೇಳಿದ್ದು. ಸಭೆಯಲ್ಲಿ ಆಡಿದ ಮಾತು ಎಂದರೆ ಅದು ರಾಜ್ಯದ ಮಾತು. ಮೂವತ್ತು ವರ್ಷ ಇದನ್ನೇ ಕಲಿಸಿದ್ದೇನೆ. ನನ್ನ ಮಾತು ನಂಬಿ."

ಏದುಸಿರಿನ ನಡುವೆ, "ನೀವು ಮಾತು ಕೊಡುತ್ತೀರಾ, ಟೀಚರ್?"

"ಕೊಟ್ಟೆ."

ಅರ್ಧ ಗಂಟೆಯಲ್ಲಿ ಅಕುರಣದ ಮನೆಯ ಮುಂದೆ ಆಂಬುಲೆನ್ಸ್ ನಿಂತಿತು. ಸಂಜೆಗೆ ರಮೀಜಾ ಟೀಚರ್ ಕ್ಯಾಂಡಿಯ ಕಡೆಯ ಸರಕಾರಿ ಆಸ್ಪತ್ರೆಯೊಂದರಲ್ಲಿ, ಮೂಗಿಗೆ ಆಮ್ಲಜನಕ ಕಟ್ಟಿಸಿಕೊಂಡು ಮಲಗಿದ್ದರು. ಪರೀಕ್ಷೆಯಾಯಿತು, ಕೋವಿಡ್ ಎಂದು ಸರಕಾರದ ದಫ್ತರಿನಲ್ಲಿ ಹೆಸರು ಹತ್ತಿತು. ಇನ್ನು ಒಂದೇ ದಿನ ತಡವಾಗಿದ್ದರೆ ಕಷ್ಟವಿತ್ತೆಂದು ವೈದ್ಯರು ಹೇಳಿದರಂತೆ. ವೆಂಬ್ಲಿಯಲ್ಲಿ ನಸ್ಮಿಯಾ ಬೇಲಿಯ ಮೇಲಿಂದ ಹಾಲಿನ ಪಾಯಸ ಕಳಿಸಿದಳು. ರತ್ನವ್ವ ಎರಡು ಸಲ ಹಾಕಿಸಿಕೊಂಡು ತಿಂದರು.

ಮರುದಿನವೇ ಆ ಮಾತು ಹಿಂದೆ ಸರಿಯಿತು.

ಆ ಸುದ್ದಿಯನ್ನು ಮೊದಲು ನೋಡಿದವನು ರತ್ನವ್ವನವರ ಮಗ ವೀರಭದ್ರ. ಅಕ್ಸ್‌ಬ್ರಿಡ್ಜ್‌ನ ಆಫೀಸಿನವನಾದರೂ ಆ ಲಾಕ್‌ಡೌನಿನಲ್ಲಿ ಅಡಿಗೆಮನೆಯ ಮೇಜೇ ಅವನ ಆಫೀಸು. "ಅವ್ವಾ, ಒಂದು ಸ್ವಲ್ಪ ಕುಂಡ್ರು" ಎಂದು ಲ್ಯಾಪ್‌ಟಾಪ್ ತಿರುಗಿಸಿದ. ಪ್ರಧಾನಿಯ ಮಾತು ತೀರ್ಮಾನವಲ್ಲವಂತೆ. ತಜ್ಞರ ಸಮಿತಿ ನಿರ್ಧರಿಸಬೇಕಂತೆ. ಅಲ್ಲಿಯವರೆಗೆ ಸುಡುವ ನಿಯಮವೇ ಇರುತ್ತದಂತೆ.

ರತ್ನವ್ವ ಮೂರು ಸಲ ಓದಿದರು. "ಸಭಾದಾಗ ಹೇಳ್ಯಾನಲ್ಲೋ! ಸಭಾದಾಗ!"

"ಹೇಳಿದ್ದು ಖರೇ. ಆದ್ರ ಆಜ್ಞಾ ಹೊಂಟಿಲ್ಲ, ಅವ್ವಾ. ಗೆಜೆಟ್ ಇಲ್ಲ, ಸಹಿ ಇಲ್ಲ."

"ಹಂಗಾರ ನಾ ಮೂವತ್ತು ವರ್ಷ ಏನ್ ಕಲಿಸಿದೆನೋ?"

ವೀರಭದ್ರ ಲ್ಯಾಪ್‌ಟಾಪ್ ಮುಚ್ಚಿದ. ರತ್ನವ್ವನವರಿಗೆ ಸಿಟ್ಟು ನೆತ್ತಿಗೇರಿತು. ಒಂದು ದೇಶದ ಅತ್ಯುನ್ನತ ಸಭೆಯಲ್ಲಿ ನಿಂತು ಒಬ್ಬರು ಆಡಿದ ಮಾತಿಗೆ ಸಂತೆಯ ಮಾತಿನಷ್ಟೂ ಬೆಲೆಯಿಲ್ಲವೇ? ಆದರೆ ಆ ಸಿಟ್ಟಿನ ಕೆಳಗೆ ಇನ್ನೊಂದು ವಿಚಾರ ತಣ್ಣಗೆ ಏಳುತ್ತಿತ್ತು. ರಮೀಜಾ ಟೀಚರ್ ಮನೆಯಲ್ಲಿಯೇ ಇದ್ದಿದ್ದರೆ ಅವರ ಹೆಸರು ಯಾವ ದಫ್ತರಿಗೂ ಹತ್ತುತ್ತಿರಲಿಲ್ಲ. ಈಗ ಹತ್ತಿದೆ. ಇನ್ನು ಅವರು ಆಸ್ಪತ್ರೆಯಲ್ಲಿ ಸತ್ತರೂ ಅಷ್ಟೇ, ಮನೆಗೆ ಮರಳಿ ಸತ್ತರೂ ಅಷ್ಟೇ. ಅಧಿಕಾರಿಗಳು ಬಂದೇ ಬರುತ್ತಾರೆ. ಬೆಂಕಿಯ ಬಾಗಿಲವರೆಗೆ ಅವರನ್ನು ಕೈಹಿಡಿದು ಕರೆತಂದವರು ಕ್ಯಾಂಡಿಯವರಲ್ಲ, ಕೊಲಂಬೋದವರಲ್ಲ. ವೆಂಬ್ಲಿಯ ರತ್ನವ್ವ.

ಬೇಲಿಯ ಬಳಿ ನಸ್ಮಿಯಾ ಆಗಲೇ ನಿಂತಿದ್ದಳು. "ಆಂಟಿ, ಅಮ್ಮನಿಗೆ ಹೇಳಬೇಡಿ. ದಯಮಾಡಿ. ಗೊತ್ತಾದರೆ ಮಾಸ್ಕ್ ಕಿತ್ತೆಸೆದು ಹೊರಟುಬಿಡುತ್ತಾಳೆ. ಅವಳ ಹಟ ನಿಮಗೆ ಗೊತ್ತಿಲ್ಲ."

"ಗೊತ್ತಿದೆಯಮ್ಮ. ಮೂರು ತಿಂಗಳು ವಾದ ಮಾಡಿದ್ದೇನೆ."

"ಹಾಗಾದರೆ ಸುಮ್ಮನಿರಿ."

ಅವರು ಸುಮ್ಮನಿದ್ದರು, ಆದರೆ ಕೈ ಸುಮ್ಮನಿರಲಿಲ್ಲ. ಮಗನ ಹಳೆಯ ಧೋತರವೊಂದನ್ನು ಹರಿದು ಬಿಳಿಯ ಪಟ್ಟಿಗಳನ್ನು ಮಾಡಿ ಮುಂದಿನ ಗೇಟಿಗೆ ಕಟ್ಟಿದರು. ಇಪ್ಪತ್ತು ದಿನದ ಕೂಸೊಂದನ್ನು ತಂದೆತಾಯಿಯ ಒಪ್ಪಿಗೆಯಿಲ್ಲದೆ ಸುಟ್ಟಾಗ, ಕೊಲಂಬೋದ ಜನ, ಬೌದ್ಧರೂ ಕ್ರೈಸ್ತರೂ ಸೇರಿ, ಸ್ಮಶಾನದ ಬೇಲಿಗೆ ಹೀಗೆಯೇ ಬಿಳಿಯ ಬಟ್ಟೆ ಕಟ್ಟಿದ್ದರು.

ಮಧ್ಯಾಹ್ನ ವಾಕಿಂಗಿಗೆ ಹೊರಟ ದಾನಪ್ಪ ಗೇಟಿನ ಮುಂದೆ ನಿಂತುಬಿಟ್ಟ. ಬೈಲಹೊಂಗಲದ ಕಡೆಯವನು, ಎರಡು ಬೀದಿ ಆಚೆ ಮನೆ, ಇಪ್ಪತ್ತು ವರ್ಷದಿಂದ ಲಂಡನ್ನಿನಲ್ಲಿ ಲೆಕ್ಕಪತ್ರದ ಕೆಲಸ.

"ಅಕ್ಕಾರ! ಏನ್ರಿ ಇದು, ಬಿಳೀ ಅರಿವಿ? ಯಾರರ ತೀರಿಕೊಂಡ್ರೇನು?"

"ಇನ್ನೂ ಇಲ್ಲಪಾ. ತೀರಿಕೊಂಡವರನ್ನ ಸುಡಬ್ಯಾಡ್ರಿ ಅಂತ ಕಟ್ಟೇನಿ" ಎಂದು ರತ್ನವ್ವ ಎಲ್ಲವನ್ನೂ ಹೇಳಿದರು.

ದಾನಪ್ಪ ನಕ್ಕ. "ಅಯ್ಯ, ಅಷ್ಟಕ್ಕ ಇಷ್ಟೆಲ್ಲಾ? ಊರ ಉಸಾಬರಿ ನಮಗ್ಯಾಕ್ರಿ? ಜೀವ ಹೋದ ಮ್ಯಾಲೆ ಸುಟ್ಟರೇನು, ಹುಗದರೇನು? ನಾವು ಸುಡೂದಿಲ್ಲೇನು?"

"ನಾವು ಅಂದ್ರ ಯಾರು?"

"ನಾವು ಅಂದ್ರ ನಾವಽರಿ. ನಮ್ಮ ಮಂದಿ."

"ಹೌದೇನು? ನಿಮ್ಮಪ್ಪ ಪರಪ್ಪನವರು ತೀರಿಕೊಂಡಾಗ ಏನ್ ಮಾಡಿದ್ರಿ?"

ದಾನಪ್ಪನ ನಗೆ ಮಾಸ್ಕಿನೊಳಗೇ ನಿಂತುಹೋಯಿತು. ಲಂಡನ್ನಿನ ಸಹೋದ್ಯೋಗಿಗಳು ಕೇಳಿದಾಗಲೆಲ್ಲ "ನಾವು ಹಿಂದೂಗಳು, ನಮ್ಮಲ್ಲಿ ಸುಡುತ್ತೇವೆ" ಎಂದು ಹೇಳಿ ಹೇಳಿ, ಆ ಮಾತು ಅವನ ಬಾಯಿಗೆ ಹೊಂದಿಕೊಂಡಿತ್ತು. ತನ್ನ ಮನೆಯ ನೆನಪು ಮಾತ್ರ ಅದರ ಅಡಿಗೆ ಸಿಕ್ಕು ಕಾಣದಾಗಿತ್ತು. ಲಿಂಗಾಯತರ ಮನೆಯಲ್ಲಿ ಹುಟ್ಟಿದವನೊಬ್ಬ ಇಂಥ ತಪ್ಪು ಮಾಡಬೇಕಾದರೆ ಎಷ್ಟು ದೂರ ಬಂದಿರಬೇಕು!

"ಅಪ್ಪನ್ನ..." ಎಂದು ತಡವರಿಸಿದ. "ಬಿದಿರಿನ ವಿಮಾನ ಕಟ್ಟಿ, ಅದರಾಗ ಕುಂಡ್ರಿಸಿ, ಹೂವು ಹಾಕಿ, ಭಜನಿ ಮಾಡ್ಕೋತ ಹೊಲಕ್ಕ ಒಯ್ದ್ವಿ. ಕುಣ್ಯಾಗ ಹಂಗಽ ಕುಂಡ್ರಿಸಿ, ಕೈಯಾಗ ಲಿಂಗ ಇಟ್ಟು, ವಿಭೂತಿ ಹಾಕಿ, ಮಣ್ಣು ಕೊಟ್ವಿ."

"ಆ ದಿನ ಯಾರರ ಬಂದು, ಇಲ್ಲಿ ಹುಗೀಬ್ಯಾಡ್ರಿ, ಬಾವಿ ನೀರು ಕೆಡತೈತಿ, ಕಟ್ಟಿಗಿ ತರ್ರಿ ಅಂದಿದ್ರ?"

"ಕಡದು ಹಾಕತಿದ್ವಿರಿ!" ಎಂದವನು ತನ್ನ ದನಿಗೆ ತಾನೇ ಬೆಚ್ಚಿದ. ಗೇಟಿನ ಬಟ್ಟೆಯ ತುದಿಯನ್ನು ಬೆರಳಿನಲ್ಲಿ ಹಿಡಿದ. "ಆ ಟೀಚರಮ್ಮಗ ಗೊತ್ತೈತೇನ್ರಿ, ಮಾತು ತಪ್ಪ್ಯಾರ ಅಂತ?"

"ಮಗಳು ಹೇಳಬ್ಯಾಡ ಅಂತಾಳ."

"ಅದು ಅಕಿಗೆ ಸರಿ ಅನಸತಿರಬೇಕು. ಆದ್ರ ಅಕ್ಕಾರ, ನನಗ ಹೇಳದಽ ಅಪ್ಪನ್ನ ಸುಟ್ಟಿದ್ರ, ಸುಟ್ಟವರಿಗಿಂತ ಹೇಳದವರ ಮ್ಯಾಲೇ ನನಗ ಹೆಚ್ಚು ಸಿಟ್ಟು ಬರ್ತಿತ್ತು."

ಆ ಮಾತು ರತ್ನವ್ವನವರ ಎದೆಗೆ ನೇರವಾಗಿ ತಾಗಿತು. ದಾನಪ್ಪ ಬೀದಿಯ ತಿರುವು ದಾಟುವುದರೊಳಗೆ ಅವರು ನಸ್ಮಿಯಾಳ ಬಾಗಿಲ ಗಂಟೆಯನ್ನು ಒತ್ತಿದ್ದರು.

"ನಾನು ನಿನ್ನ ಅಮ್ಮನಿಗೆ ಹೇಳಬೇಕು" ಎಂದು ಎರಡು ಹೆಜ್ಜೆ ಹಿಂದೆ ನಿಂತು ಹೇಳಿದರು. "ಮಾತು ಕೊಟ್ಟವಳು ನಾನು. ಅದು ಸುಳ್ಳಾಯಿತು. ಸುಳ್ಳಾದ ಮಾತನ್ನು ನಾನೇ ಹಿಂದಕ್ಕೆ ತೆಗೆದುಕೊಳ್ಳಬೇಕು."

"ನಿಮ್ಮ ನೀತಿಗಾಗಿ ನನ್ನ ಅಮ್ಮನನ್ನು ಕೊಲ್ಲುತ್ತೀರಾ?"

"ಇಲ್ಲ. ಅವರು ಉಸಿರಿಗಾಗಿ ಕಾದಾಡುತ್ತಿದ್ದಾರೆ. ಯಾವ ಶತ್ರುವಿನ ವಿರುದ್ಧ ಕಾದಾಡುತ್ತಿದ್ದೇನೆಂದು ಗೊತ್ತಿಲ್ಲದೆ ಕಾದಾಡಬೇಕೇ? ಸತ್ತರೂ ಚಿಂತೆಯಿಲ್ಲ, ಗಂಡನ ಮಗ್ಗುಲು ಸಿಗುತ್ತದೆ ಎಂದು ಅವರು ಕೈ ಸಡಿಲ ಬಿಟ್ಟರೆ? ಆಗ ಏನಾಗುತ್ತದೆ, ಹೇಳು."

ಇದನ್ನು ನಸ್ಮಿಯಾ ಯೋಚಿಸಿರಲಿಲ್ಲ. ಫೋನ್ ಹಚ್ಚಿ, ಸ್ಪೀಕರಿಗೆ ಹಾಕಿ, ಇಬ್ಬರ ನಡುವಿನ ಮೆಟ್ಟಿಲ ಮೇಲಿಟ್ಟಳು.

ಕುಮಾರಿ ಎಂಬ ನರ್ಸು ಎತ್ತಿದಳು. ಬೌದ್ಧ ಹುಡುಗಿ, ಹಗಲು ಪಾಳಿಯವಳು. ಫೋನನ್ನು ರೋಗಿಯ ಕಿವಿಯ ಬಳಿ ಹಿಡಿದಳು.

"ಟೀಚರ್, ನಾನು ನಿಮಗೆ ತಪ್ಪು ಪಾಠ ಹೇಳಿದೆ" ಎಂದರು ರತ್ನವ್ವ. ಪೀಠಿಕೆ ಹಾಕಲಿಲ್ಲ, ಮಾತನ್ನು ಸುತ್ತಿ ಬಳಸಲಿಲ್ಲ. ಹೇಳಬೇಕಾದದ್ದನ್ನು ಹೇಳಿ ಮುಗಿಸಿದರು.

ಆಚೆಯಿಂದ ಏನೋ ಸರಿದ ಸದ್ದು, ನರ್ಸಿನ ಗಾಬರಿಯ ಕೂಗು: "ಅಮ್ಮಾ, ಮಾಸ್ಕ್! ಮಾಸ್ಕ್ ತೆಗೆಯಬೇಡಿ!"

"ನಾನು ಮನೆಗೆ ಹೋಗುತ್ತೇನೆ" ಎಂಬ ಒಡೆದ ದನಿ.

ನಸ್ಮಿಯಾ ತಲೆಯ ಶಾಲನ್ನು ಬಾಯಿಗೊತ್ತಿಕೊಂಡಳು. ರತ್ನವ್ವ ಫೋನಿನತ್ತ ಬಗ್ಗಿ, ತರಗತಿಯ ಕೊನೆಯ ಬೆಂಚಿಗೆ ಕೇಳುವಂತೆ ಕೂಗಿದರು:

"ಟೀಚರ್! ನೀವು ಗಣಿತದವರು. ಲೆಕ್ಕ ಕೇಳಿ. ನಿಮ್ಮ ಹೆಸರು ದಫ್ತರಿಗೆ ಹತ್ತಿದೆ. ಇಲ್ಲಿ ಸತ್ತರೆ ಸುಡುತ್ತಾರೆ. ಮನೆಯಲ್ಲಿ ಸತ್ತರೂ ಬಂದು ಒಯ್ದು ಸುಡುತ್ತಾರೆ. ಹಾಗಾದರೆ ಸುಡಿಸಿಕೊಳ್ಳದೆ ಇರಲು ಉಳಿಯುವ ದಾರಿ ಯಾವುದು?"

ಬೀದಿಯಲ್ಲಿ ಒಂದು ಬಸ್ಸು ಹಾದುಹೋಯಿತು.

"ಸಾಯದಿರುವುದು" ಎಂದರು ರಮೀಜಾ ಟೀಚರ್.

"ಬೇರೆ ದಾರಿ?"

"ಇಲ್ಲ." ಮತ್ತೆ ಸ್ವಲ್ಪ ಉಸಿರು. "ಕುಮಾರಿ, ಮಾಸ್ಕ್ ಹಾಕು ಮಗಳೇ, ಬಿಗಿಯಾಗಿ. ಈ ಆಜ್ಞೆ ಇರುವಷ್ಟು ದಿನ ನಾನು ಸಾಯುವುದಿಲ್ಲ. ಯಾರ ಹಟ ದೊಡ್ಡದೋ ನೋಡಿಯೇಬಿಡೋಣ."

ಕಾದಾಟ ನಿಜವಾಗಿ ಶುರುವಾದದ್ದು ಅಲ್ಲಿಂದ. ಪ್ರತಿದಿನ ಎರಡು ನಿಮಿಷ ಕರೆ. ಅಂಗಾತ ಮಲಗಿದರೆ ಉಸಿರು ಕಡಿಮೆಯೆಂದು ಬೋರಲು ಮಲಗಿಸಿದರು. ರಮೀಜಾ ಬೋರಲೇ ಮಲಗಿದರು. ಊಟ ಸೇರದಿದ್ದರೂ ನುಂಗಿದರು. "ಒಂದು ತುತ್ತು ಸಮಿತಿಯ ಹೆಸರಿನಲ್ಲಿ, ಒಂದು ತುತ್ತು ಮಂತ್ರಿಯ ಹೆಸರಿನಲ್ಲಿ" ಎನ್ನುತ್ತಾ ತಿನ್ನುತ್ತಾರೆಂದು ಕುಮಾರಿ ನಗುತ್ತ ವರದಿ ಒಪ್ಪಿಸಿದಳು. ವೆಂಬ್ಲಿಯಲ್ಲಿ ದಾನಪ್ಪ ತನ್ನ ಗೇಟಿಗೂ ಒಂದು ಬಿಳಿಯ ಪಟ್ಟಿ ಕಟ್ಟಿ, ಕನ್ನಡದವರ ವಾಟ್ಸ್ಯಾಪ್ ಗುಂಪಿನಲ್ಲಿ ಫೋಟೊ ಹಾಕಿದ. "ನಮ್ಮಪ್ಪನ್ನೂ ಮಣ್ಣಾಗ ಇಟ್ಟೀವಿ" ಎಂಬ ಒಂದೇ ಸಾಲು. ಇಬ್ಬರು ಗುಂಪು ಬಿಟ್ಟರು. ಆದರೆ ಭಾನುವಾರದ ಹೊತ್ತಿಗೆ ಆ ಎರಡು ಬೀದಿಗಳ ಗೇಟುಗಳಲ್ಲಿ, ಗುಜರಾತಿಗಳ ಮನೆಯಲ್ಲಿ, ತಮಿಳರ ಮನೆಯಲ್ಲಿ, ಉಡುಪಿಯ ಕಡೆಯ ತೆರೆಸಾ ಬಾಯಿಯ ಮನೆಯಲ್ಲಿ ಬಿಳಿಯ ಬಟ್ಟೆಗಳು ಫೆಬ್ರವರಿಯ ಗಾಳಿಗೆ ಪಟಪಟ ಬಡಿಯುತ್ತಿದ್ದವು. ಸಾನ್ವಿ ಶಾಲೆಯ ಆನ್‌ಲೈನ್ ತರಗತಿಯಲ್ಲಿ ಇದರ ಬಗ್ಗೆ ಮಾತಾಡಿ ಬಂದು, "ಅಜ್ಜೀ, ಮೈ ಟೀಚರ್ ಕ್ರೈಡ್!" ಎಂದಳು.

ಒಂದು ದಿನ ರಮೀಜಾ ಟೀಚರ್ ಮಾತಾಡಲಿಲ್ಲ. ಪಕ್ಕದ ಹಾಸಿಗೆಯ ಉಮ್ಮುಲ್ ಎಂಬ ಹೆಂಗಸು ಬೆಳಗ್ಗೆ ತೀರಿಕೊಂಡಿದ್ದಳು. ಸುಡಲು ಒಪ್ಪಿಗೆಯ ಸಹಿ ಹಾಕುವುದಿಲ್ಲವೆಂದು ಅವಳ ಮಗ ಆಸ್ಪತ್ರೆಯ ಗೇಟಿನಲ್ಲಿ ಕೂತಿದ್ದ. ಸಹಿಯಿಲ್ಲದೆಯೇ ಒಯ್ದು ಸುಟ್ಟರು. ಆ ದಿನ ಕುಮಾರಿಯೂ ನಗಲಿಲ್ಲ. "ಅಮ್ಮನ ಆಮ್ಲಜನಕ ಇಳಿದಿದೆ. ನಾನು ಪಾಳಿ ಮುಗಿದರೂ ಇರುತ್ತೇನೆ" ಎಂದಷ್ಟೇ ಹೇಳಿದಳು. ರತ್ನವ್ವ ಇಡೀ ದಿನ ಅಡಿಗೆಮನೆಯಲ್ಲಿ ಅತ್ತಿತ್ತ ನಡೆದರು. ತಾನು ಸತ್ಯ ಹೇಳಿದ್ದು ಸರಿಯೇ ಎಂಬ ಪ್ರಶ್ನೆ ಅವರನ್ನು ಬೆನ್ನಟ್ಟಿತು. ಸರಿ ಎಂಬ ಉತ್ತರವೇ ಪ್ರತಿಸಲ ಬಂತು. ಆದರೂ ನಡಿಗೆ ನಿಲ್ಲಲಿಲ್ಲ. ಮರುದಿನ ಬೆಳಗ್ಗೆ ಕರೆ ಬಂದಾಗ ಆ ಒಡೆದ ದನಿಯೇ ಕೇಳಿಸಿತು: "ಇದ್ದೇನೆ, ಟೀಚರ್. ಅವರು ಉಮ್ಮುಲ್‌ಳನ್ನು ಒಯ್ದದ್ದನ್ನು ನೋಡಿದ ಮೇಲೆ ಸಾಯುವುದು ಹೇಗೆ?"

ಎರಡು ವಾರ ದಾಟಿದ ಒಂದು ಗುರುವಾರ, ಲಂಡನ್ನಿನಲ್ಲಿ ಇನ್ನೂ ಬೆಳಕಿರುವಾಗಲೇ, ನಸ್ಮಿಯಾ ಬೇಲಿಯನ್ನು ಎರಡೂ ಕೈಯಿಂದ ಬಡಿಯತೊಡಗಿದಳು.

"ಆಂಟಿ! ಆಂಟಿ! ಆಜ್ಞೆ ಬದಲಾಯಿತು!"

ಈ ಸಲ ರತ್ನವ್ವ ಓಡಲಿಲ್ಲ. ಕನ್ನಡಕ ಹುಡುಕಿ ಹಾಕಿಕೊಂಡು ಬಂದರು. "ಯಾರು ಹೇಳಿದರು? ಸಭೆಯಲ್ಲಿ ಹೇಳಿದರೇ? ನನಗೆ ಬೇಡ. ಗೆಜೆಟ್ ತೋರಿಸು."

"ಇದೆ, ಆಂಟಿ, ಇದೆ!"

"ಸಹಿ ಎಲ್ಲಿ?"

ಸಾನ್ವಿ ಫೋನನ್ನು ಕಿತ್ತುಕೊಂಡು ಬೆರಳಿನಿಂದ ಹಿಗ್ಗಿಸಿದಳು. ರತ್ನವ್ವ ಒಂದೊಂದೇ ಪದವನ್ನು ಬೆರಳಿಟ್ಟು ಓದಿದರು. ಹಿಂದಿನ ನಿಯಮದಲ್ಲಿ ಸುಡುವುದು ಎಂದಿದ್ದಲ್ಲಿ ಸುಡುವುದು ಅಥವಾ ಹೂಳುವುದು ಎಂದಾಗಿತ್ತು. ಎಷ್ಟು ಸಣ್ಣ ತಿದ್ದುಪಡಿ! ಇಷ್ಟನ್ನು ಬರೆಯಲು ಒಂದು ಸರಕಾರಕ್ಕೆ ಹನ್ನೊಂದು ತಿಂಗಳು ಬೇಕಾಯಿತೇ? ಕೆಳಗೆ ಮಂತ್ರಿಯ ಹೆಸರಿತ್ತು. ಅದನ್ನೂ ಓದಿದರು. ಆಮೇಲೆ ಕನ್ನಡಕ ತೆಗೆದು, "ಹಚ್ಚು ಫೋನು!" ಎಂದು ಕೂಗಿದ ಕೂಗಿಗೆ ಮೀಟಿಂಗಿನಲ್ಲಿದ್ದ ವೀರಭದ್ರ ಹೆಡ್‌ಫೋನ್ ಸಮೇತ ಹಿತ್ತಿಲಿಗೆ ಓಡಿಬಂದ.

ಕ್ಯಾಂಡಿಯಲ್ಲಿ ದೀಪಗಳನ್ನು ಆರಿಸುವ ಹೊತ್ತು. ಆ ವಾರ ರಾತ್ರಿ ಪಾಳಿಗೆ ಬಂದಿದ್ದ ಕುಮಾರಿ ಎತ್ತಿದಳು. ರಮೀಜಾ ಟೀಚರ್ ಎಚ್ಚರವಾಗಿದ್ದರು.

"ಟೀಚರ್, ಈಗ ಇದು ಕಾನೂನು."

"ಸಹಿ ನೋಡಿದಿರಾ?"

"ನೋಡಿದೆ. ಒಂದೊಂದು ಅಕ್ಷರ ಓದಿದೆ."

ಬೇಲಿಯ ಈಚೆ ಮೂವರು, ಆಚೆ ಒಬ್ಬಳು, ಫೋನಿಗೆ ಕಿವಿಗೊಟ್ಟು ನಿಂತರು. ಫೋನಿನಲ್ಲಿ ಅಳುವೋ ನಗೆಯೋ ತಿಳಿಯದ ಸದ್ದೊಂದು ಬಹಳ ಹೊತ್ತು ಇತ್ತು.

"ಹಾಗಾದರೆ ಇನ್ನು ನಾನು ಧೈರ್ಯವಾಗಿ ಸಾಯಬಹುದು" ಎಂದರು ರಮೀಜಾ ಟೀಚರ್.

"ಸಾಯಕೂಡದು!" ಎಂದು ರತ್ನವ್ವ ಗದರಿದರು.

"ಗಾಬರಿಯಾಗಬೇಡಿ, ಟೀಚರ್. ಅನುಮತಿ ಸಿಕ್ಕಿದೆ ಎಂದ ಮಾತ್ರಕ್ಕೆ ಬಳಸಲೇಬೇಕೆಂದಿಲ್ಲ." ಆ ದನಿಯಲ್ಲಿ ಈಗ ಹಿಂದಿನ ಗಣಿತದ ಟೀಚರು ಸ್ಪಷ್ಟವಾಗಿ ಕೇಳಿಸಿದರು. "ನನಗೆ ಕೆಲಸವಿದೆ. ಉಮ್ಮುಲ್‌ಳ ಮಗನ ಫೋನ್ ನಂಬರು ಕುಮಾರಿಯ ಹತ್ತಿರ ಇದೆ. ಈ ಸುದ್ದಿ ಅವನಿಗೆ ಯಾರಾದರೂ ಹೇಳಬೇಕಲ್ಲ. ಸಿಹಿ ಹಂಚಿ ಹೇಳುವ ಸುದ್ದಿಯಲ್ಲ ಅದು. ನಾನೇ ಹೇಳುತ್ತೇನೆ."

"ಈಗಲೇ? ಇಷ್ಟು ನಿತ್ರಾಣದಲ್ಲಿ?"

"ಬೇರೆಯವರ ಬಾಯಿಂದ ಕೇಳಿದರೆ ಅವನು ತಡೆದುಕೊಳ್ಳಲಾರ. ಅವಳ ಪಕ್ಕದಲ್ಲಿ ಮಲಗಿದ್ದವಳು ನಾನು."

ಆಚೆ ಮಂಚದ ತಲೆದಿಂಬನ್ನು ಎತ್ತರಿಸುವ ಕಿರುಗುಟ್ಟುವ ಸದ್ದು ಕೇಳಿಸಿತು. ಕುಮಾರಿಯ ಮೆಲುದನಿ ಒಂದೊಂದೇ ಅಂಕಿಯನ್ನು ಹೇಳತೊಡಗಿತು.